ಹೋಟೆಲ್ ಧಣಿ ರಾಯಭಾರಿ ಆಗುವುದು ಹೇಗೆ?

2014ರ ಜನವರಿ. ವಾಷಿಂಗ್ಟನ್‌ನಲ್ಲಿ ಸೆನೆಟ್‌ನ ವಿದೇಶಾಂಗ ಸಮಿತಿ ಸೇರಿದೆ. ಎದುರಿಗೆ ಕೂತವರು ಜಾರ್ಜ್ ತ್ಸುನಿಸ್, ನ್ಯೂಯಾರ್ಕ್‌ನ ಲಾಂಗ್ ಐಲೆಂಡ್ ಕಡೆಯ ಹೋಟೆಲ್ ಉದ್ಯಮಿ. ಓದಿದ್ದು ಲಾ, ಹೆಸರು ಮಾಡಿದ್ದು ಹೋಟೆಲ್ ಧಂದೆಯಲ್ಲಿ. ಇವರನ್ನು ನಾರ್ವೆಗೆ ರಾಯಭಾರಿಯಾಗಿ ಕಳಿಸಲು ಅಧ್ಯಕ್ಷ ಒಬಾಮ ಹೆಸರು ಸೂಚಿಸಿದ್ದರು. ಸೆನೆಟ್ ಹೂಂ ಅಂದರೆ ಹೊರಡುವುದಷ್ಟೇ ಬಾಕಿ.

ಮಾತಿನ ನಡುವೆ ತ್ಸುನಿಸ್ ನಾರ್ವೆಯ ಅಧ್ಯಕ್ಷರ ಪ್ರಸ್ತಾಪ ಮಾಡಿದರು. ನಾರ್ವೆಗೆ ಅಧ್ಯಕ್ಷರೇ ಇಲ್ಲ. ಅಲ್ಲಿರುವುದು ರಾಜ, ಸರ್ಕಾರ ನಡೆಸುವುದು ಪ್ರಧಾನಿ. ಅಷ್ಟಕ್ಕೇ ನಿಲ್ಲಲಿಲ್ಲ. ಸೆನೆಟರ್ ಜಾನ್ ಮೆಕೇನ್ ಅಲ್ಲಿನ ಪ್ರೋಗ್ರೆಸ್ ಪಾರ್ಟಿ ಬಗ್ಗೆ ಕೇಳಿದರು. ಅದೊಂದು ದ್ವೇಷ ಕಾರುವ ಸಣ್ಣ ಗುಂಪು, ನಾರ್ವೆ ಅದನ್ನು ಖಂಡಿಸಿದೆ ಎನ್ನುವ ಅರ್ಥದಲ್ಲಿ ತ್ಸುನಿಸ್ ಉತ್ತರ ಕೊಟ್ಟರು. ಆದರೆ ಆ ಪಾರ್ಟಿ ಹಿಂದಿನ ಅಕ್ಟೋಬರ್‌ನಿಂದ ಪ್ರಧಾನಿ ಎರ್ನಾ ಸೋಲ್‌ಬರ್ಗ್ ಅವರ ಸಮ್ಮಿಶ್ರ ಸರ್ಕಾರದಲ್ಲೇ ಕೂತಿತ್ತು! ಮೆಕೇನ್ ಅದನ್ನು ನೆನಪಿಸಿದರು. ಇಂಥ ಮಹಾ ಅರ್ಹರಿಗೆ ನನ್ನ ಬಳಿ ಇನ್ನು ಪ್ರಶ್ನೆಗಳಿಲ್ಲ ಎಂದು ಚುಚ್ಚಿ ಮಾತು ಮುಗಿಸಿದರು.

ನಾರ್ವೆಯಲ್ಲಿ ಜನ ಸಿಟ್ಟಾದರು. ಅಮೆರಿಕದ ಮಿನೆಸೋಟ ರಾಜ್ಯದಲ್ಲಿ ನಾರ್ವೆ ಮೂಲದವರು ತುಂಬಾ ಇದ್ದಾರೆ, ಅಲ್ಲಿಯ ಇಬ್ಬರೂ ಸೆನೆಟರ್‌ಗಳು ಒಬಾಮ ಅವರದೇ ಪಕ್ಷದವರಾದರೂ ವಿರೋಧ ಹೇಳಿದರು. ಸುಮಾರು ಒಂದು ವರ್ಷ ಎಳೆದಾಡಿ, 2014ರ ಡಿಸೆಂಬರ್‌ನಲ್ಲಿ ತ್ಸುನಿಸ್ ಹಿಂದೆ ಸರಿದರು.

ನನ್ನ ಅಕ್ಕನ ಮಗ ಹಾಸನದಲ್ಲಿ ಹೋಟೆಲ್ ಮ್ಯಾನೇಜ್‌ಮೆಂಟ್ ಓದುತ್ತಿದ್ದಾನೆ. ರಜೆಗೆ ಚಿಕ್ಕಮಗಳೂರಿಗೆ ಬಂದಾಗ ನಮ್ಮ ಹೋಮ್‌ಸ್ಟೇ ಕೆಲಸಕ್ಕೆ ಕೈ ಹಾಕುತ್ತಾನೆ. ಈ ವಿಚಾರಣೆಯ ವಿಡಿಯೊ ಅವನ ಕಣ್ಣಿಗೆ ಬಿದ್ದಿದೆ. "ಮಾವ, ಹೋಟೆಲ್‌ನವರನ್ನು ಅಂಬಾಸಿಡರ್ ಮಾಡ್ತಾರಾ? ಹಾಗಾದ್ರೆ ನಮ್ಗೂ ಚಾನ್ಸ್ ಇದ್ಯಾ?" ಅಂತ ಕೇಳಿದ. ಅವನಿಗೆ ಹೇಳಿದ್ದನ್ನೇ ಸ್ವಲ್ಪ ಬಿಡಿಸಿ ಇಲ್ಲಿ ಬರೆಯುತ್ತಿದ್ದೇನೆ. ಮೊದಲೇ ಹೇಳಿಬಿಡುತ್ತೇನೆ: ಹೋಟೆಲ್ ಕೆಲಸ ರಾಯಭಾರಿಯ ಅರ್ಧ ಕೆಲಸವನ್ನು ಚೆನ್ನಾಗಿಯೇ ಕಲಿಸುತ್ತದೆ. ಇನ್ನರ್ಧಕ್ಕೆ ಅದು ಸಾಲದು. ಸಾಲದ್ದು ಮಾತ್ರ ಅಲ್ಲ, ಕೆಲವು ಸಲ ಅಡ್ಡವೇ ಬರುತ್ತದೆ.

ರಾಯಭಾರಿ ಅಂದರೆ ಒಂದು ದೇಶ ಇನ್ನೊಂದು ದೇಶದಲ್ಲಿ ಇಟ್ಟುಕೊಂಡ ಬಾಯಿ ಮತ್ತು ಕಿವಿ. ಇದಕ್ಕೆ ನಿಯಮ ಬರೆದಿಟ್ಟಿರುವುದು 1961ರ ವಿಯೆನ್ನಾ ಒಪ್ಪಂದದಲ್ಲಿ. ನಮ್ಮವರನ್ನು ಕಳಿಸುವ ಮೊದಲು ಆ ದೇಶವನ್ನು ಗುಟ್ಟಾಗಿ ಕೇಳಬೇಕು: ಇಂಥವರನ್ನು ಕಳಿಸುತ್ತೇವೆ, ಅಡ್ಡಿ ಇಲ್ಲ ತಾನೇ? ಈ ಒಪ್ಪಿಗೆಗೆ ಫ್ರೆಂಚ್‌ನಲ್ಲಿ ಅಗ್ರೆಮಾಂ ಅನ್ನುತ್ತಾರೆ. ಬೇಡ ಅಂದರೆ ಕಾರಣ ಹೇಳಬೇಕಿಲ್ಲ. ಒಪ್ಪಿದ ಮೇಲೆ ರಾಯಭಾರಿ ಅಲ್ಲಿಗೆ ಹೋಗಿ ದೇಶದ ಮುಖ್ಯಸ್ಥರ ಕೈಗೆ ಅಧಿಕಾರ ಪತ್ರ ಕೊಡುತ್ತಾರೆ. ದಿಲ್ಲಿಗೆ ಬರುವ ವಿದೇಶಿ ರಾಯಭಾರಿಗಳು ರಾಷ್ಟ್ರಪತಿ ಭವನದಲ್ಲಿ ರಾಷ್ಟ್ರಪತಿಗಳಿಗೆ ಪತ್ರ ಕೊಡುವ ಫೋಟೊ ಪೇಪರ್‌ನಲ್ಲಿ ಬರುತ್ತಿರುತ್ತದಲ್ಲ, ಅದೇ ಇದು. ಆಮೇಲೆ ಯಾವತ್ತಾದರೂ ಆ ಮನುಷ್ಯ ಬೇಡ ಅನ್ನಿಸಿದರೆ 'ಪರ್ಸೋನಾ ನಾನ್ ಗ್ರಾಟಾ' ಎಂದು ಹೇಳಿ ವಾಪಸ್ ಕಳಿಸಬಹುದು. ಅದಕ್ಕೂ ಕಾರಣ ಕೊಡಬೇಕಿಲ್ಲ.

ಕಾನ್ಸುಲೇಟ್‌ನ ಕೆಲಸ ಬೇರೆ. ರಾಯಭಾರಿ ಸರ್ಕಾರದ ಜೊತೆ ಮಾತಾಡಿದರೆ ಕಾನ್ಸುಲೇಟ್ ಜನರ ಕೆಲಸ ನೋಡುತ್ತದೆ: ಪಾಸ್‌ಪೋರ್ಟ್, ವೀಸಾ, ಕಷ್ಟಕ್ಕೆ ಸಿಕ್ಕಿಕೊಂಡ ತಮ್ಮ ಪ್ರಜೆಗಳು. ನಮ್ಮಂಥ ಹೋಮ್‌ಸ್ಟೇಯವರಿಗೆ ಗೊತ್ತಾಗುವುದು ಇದೇ. ವಿದೇಶಿ ಗೆಸ್ಟ್ ಬಂದ 24 ಗಂಟೆಯೊಳಗೆ ಅವರ ವಿವರದ ಫಾರಂ ತುಂಬಿ ಆನ್‌ಲೈನ್‌ನಲ್ಲಿ ಕಳಿಸಬೇಕು. ಪಾಸ್‌ಪೋರ್ಟ್ ನಂಬರ್, ವೀಸಾ ನಂಬರ್, ಎಲ್ಲಿಂದ ಬಂದರು, ಮುಂದೆ ಎಲ್ಲಿಗೆ, ಎಲ್ಲಾ. ಮಳೆಗಾಲದಲ್ಲಿ ಕರೆಂಟ್ ಹೋಗಿ ನೆಟ್ ಸಿಗದಿದ್ದಾಗ ಮೊಬೈಲ್ ಹಿಡಿದುಕೊಂಡು ಗೇಟಿನ ಹತ್ತಿರ ಕೊಡೆ ಹಿಡಿದು ನಿಂತು ಇದನ್ನು ತುಂಬಿದ್ದೇನೆ. ಒಮ್ಮೆ ಒಬ್ಬ ಜರ್ಮನ್ ಹೆಂಗಸು ಮುಳ್ಳಯ್ಯನಗಿರಿಗೆ ಹೋಗಿ ಬರುವಷ್ಟರಲ್ಲಿ ಪಾಸ್‌ಪೋರ್ಟ್ ಇದ್ದ ಪೌಚ್ ಕಳಕೊಂಡರು. ಠಾಣೆಯಲ್ಲಿ ದೂರು ಕೊಟ್ಟೆವು. ಅದರ ಪ್ರತಿ ಹಿಡಿದು ಅವರು ಬೆಂಗಳೂರಿನ ಜರ್ಮನ್ ಕಾನ್ಸುಲೇಟ್‌ಗೆ ಹೋದರು, ತುರ್ತು ಪ್ರಯಾಣದ ಕಾಗದ ಮಾಡಿಸಿಕೊಂಡರು, ಆಮೇಲೆ ದೇಶ ಬಿಡಲು ವಿದೇಶಿಯರ ನೋಂದಣಿ ಕಚೇರಿಯಾದ ಎಫ್‌ಆರ್‌ಆರ್‌ಒದಿಂದ ಅನುಮತಿ ಪಡೆದರು. ಈ ಇಡೀ ಓಡಾಟದಲ್ಲಿ ರಾಯಭಾರಿಯ ಹೆಸರು ಒಂದು ಸಲವೂ ಬರಲಿಲ್ಲ. ಅವರ ಕೆಲಸ ಅದಲ್ಲ.

ಹಾಗಾದರೆ ಆ ದೊಡ್ಡ ಕುರ್ಚಿಗೆ ಹೋಟೆಲ್ ಧಣಿ ಬಂದು ಕೂರುವುದು ಹೇಗೆ? ಇದು ಬಹುಮಟ್ಟಿಗೆ ಅಮೆರಿಕದ ರೂಢಿ. ಕಾರಣ ತಿಳಿಯಲು ಸ್ವಲ್ಪ ಹಿಂದಕ್ಕೆ ಹೋಗಬೇಕು.

1893ರವರೆಗೆ ಅಮೆರಿಕ ಯಾರಿಗೂ ರಾಯಭಾರಿ ಅನ್ನುವ ಪದವಿಯನ್ನೇ ಕೊಟ್ಟಿರಲಿಲ್ಲ. ಅದು ರಾಜರ ಆಸ್ಥಾನದ ಠೀವಿ, ಗಣರಾಜ್ಯಕ್ಕೆ ಒಪ್ಪುವಂಥದ್ದಲ್ಲ ಅನ್ನುವ ಭಾವನೆ. ಸಣ್ಣ ಪದವಿಯವರನ್ನೇ ಕಳಿಸುತ್ತಿದ್ದರು, ಸಂಬಳವೂ ಕಮ್ಮಿ. ಲಂಡನ್, ಪ್ಯಾರಿಸ್‌ನಲ್ಲಿ ಸರ್ಕಾರದ ಸ್ವಂತ ಮನೆ ಕೂಡ ಇರಲಿಲ್ಲ. ಹೋದವರು ತಾವೇ ಬಾಡಿಗೆ ಕೊಟ್ಟು ದೊಡ್ಡ ಮನೆ ಹಿಡಿಯಬೇಕು, ಔತಣ ಕೊಡಬೇಕು, ಗಾಡಿ ಇಟ್ಟುಕೊಳ್ಳಬೇಕು. ಅಂದರೆ ದುಡ್ಡಿದ್ದವರಷ್ಟೇ ಹೋಗಬಹುದು. ಹೊರದೇಶಗಳಲ್ಲಿ ರಾಯಭಾರ ಕಚೇರಿಗಳಿಗೆ ಕಟ್ಟಡ ಕೊಳ್ಳಲು ಅಮೆರಿಕದ ಸಂಸತ್ತು ಕಾನೂನು ಮಾಡಿದ್ದೇ 1911ರಲ್ಲಿ. 1924ರಲ್ಲಿ ರೋಜರ್ಸ್ ಕಾಯ್ದೆ ಬಂದು ಪರೀಕ್ಷೆ ಬರೆದು ಸೇರುವ ವೃತ್ತಿಪರ ವಿದೇಶಾಂಗ ಸೇವೆ ಶುರುವಾಯಿತು. ಆದರೆ ಅಷ್ಟರಲ್ಲಿ ದುಡ್ಡಿದ್ದವರ ದಾರಿ ಸವೆದು ಗಟ್ಟಿಯಾಗಿತ್ತು. ಅದು ಮುಚ್ಚಲಿಲ್ಲ. ಆಮೇಲೂ ದಶಕಗಳ ಕಾಲ ಅಮೆರಿಕದ ರಾಯಭಾರಿಗಳಲ್ಲಿ ಸುಮಾರು ಮೂರರಲ್ಲಿ ಒಬ್ಬರು ಹೊರಗಿನಿಂದ, ಅಧ್ಯಕ್ಷರ ಇಷ್ಟದ ಮೇಲೆ ಬಂದವರೇ ಆಗಿದ್ದರು. ಯುರೋಪಿನ ಒಳ್ಳೊಳ್ಳೆ ಊರುಗಳು ಹೆಚ್ಚಾಗಿ ಇವರ ಪಾಲಿಗೆ. ಕಷ್ಟದ ಜಾಗಗಳು ಪರೀಕ್ಷೆ ಬರೆದು ಬಂದವರ ಪಾಲಿಗೆ.

ದುಡ್ಡು ಕೊಟ್ಟರೆ ಹುದ್ದೆ ಸಿಗುತ್ತದಾ? ನೇರವಾಗಿ ಮಾತು ಕೊಟ್ಟರೆ ಅದು ಅಪರಾಧ. ನಿಕ್ಸನ್ ಕಾಲದಲ್ಲಿ ಅವರ ವಕೀಲ ಹರ್ಬರ್ಟ್ ಕಾಮ್‌ಬಾಕ್ 1 ಲಕ್ಷ ಡಾಲರ್ ದೇಣಿಗೆಗೆ ಬದಲಾಗಿ ಒಬ್ಬರಿಗೆ ಯುರೋಪಿನ ರಾಯಭಾರಿ ಹುದ್ದೆಯ ಭರವಸೆ ಕೊಟ್ಟಿದ್ದರು, 1974ರಲ್ಲಿ ತಪ್ಪು ಒಪ್ಪಿಕೊಂಡು ಜೈಲಿಗೂ ಹೋದರು. 1980ರ ವಿದೇಶಾಂಗ ಸೇವಾ ಕಾಯ್ದೆಯಂತೂ ಚುನಾವಣಾ ದೇಣಿಗೆ ರಾಯಭಾರಿ ನೇಮಕಕ್ಕೆ ಕಾರಣ ಆಗಬಾರದು ಎಂದು ಬರೆದೇ ಇಟ್ಟಿದೆ. ಕಾಗದದ ಮೇಲೆ ಚೆನ್ನಾಗಿದೆ. ನಡೆಯುವುದು ಹೀಗೆ: ಒಬ್ಬ ವ್ಯಕ್ತಿ ಅಭ್ಯರ್ಥಿಗೆ ನೇರ ಕೊಡಬಹುದಾದ ಹಣಕ್ಕೆ ಮಿತಿ ಇದೆ. ಆದರೆ ತನ್ನ ಗೆಳೆಯರು, ಪಾಲುದಾರರು, ಸಪ್ಲೈಯರ್‌ಗಳಿಂದ ಚೆಕ್‌ಗಳನ್ನು ಕೂಡಿಸಿ ಕೊಡಬಹುದು. ಹೀಗೆ ಕೂಡಿಸಿಕೊಡುವವರಿಗೆ ಅಲ್ಲಿ ಬಂಡ್ಲರ್ ಅನ್ನುತ್ತಾರೆ. ತ್ಸುನಿಸ್ 2012ರ ಒಬಾಮ ಚುನಾವಣೆಗೆ ಹೀಗೆ ಸುಮಾರು 10 ಲಕ್ಷ ಡಾಲರ್ ಸೇರಿಸಿಕೊಟ್ಟಿದ್ದರು. ಯಾರೂ ಯಾರಿಗೂ ಮಾತು ಕೊಡುವುದಿಲ್ಲ. ಗೆದ್ದ ಮೇಲೆ ಒಂದು ಫೋನ್ ಬರುತ್ತದೆ, ಅಷ್ಟೇ.

ಅದರಲ್ಲೂ ಹೋಟೆಲ್‌ನವರೇ ಯಾಕೆ ಇಲ್ಲಿ ಆಗಾಗ ಕಾಣುತ್ತಾರೆ ಅನ್ನುವುದಕ್ಕೆ ನನ್ನ ಲೆಕ್ಕ ಇಷ್ಟು. ಹೋಟೆಲ್ ಕಟ್ಟಬೇಕಾದರೆ ಜಾಗ, ಬ್ಯಾಂಕ್ ಸಾಲ, ಪರವಾನಗಿ, ನಗರಸಭೆ ಎಲ್ಲಾ ಬೇಕು. ರಾಜಕೀಯದವರ ಪರಿಚಯ ತಾನಾಗೇ ಬೆಳೆಯುತ್ತದೆ. ಜೊತೆಗೆ ದೊಡ್ಡ ಹಾಲ್ ಇದೆ, ದೇಣಿಗೆ ಸಂಗ್ರಹದ ಊಟ ಅಲ್ಲೇ ನಡೆಯುತ್ತದೆ. ಇಲ್ಲಿ ಒಂದು ವಿಷಯ ಸ್ಪಷ್ಟ ಮಾಡಿಕೊಳ್ಳಬೇಕು. ಹೋಟೆಲ್ ನಡೆಸುವವರು ಬೇರೆ, ಹೋಟೆಲ್‌ನ ಒಡೆಯರು ಬೇರೆ. ಬೋರ್ಡ್ ಮೇಲೆ ಮ್ಯಾರಿಯಟ್ ಅಂತಲೋ ಹಿಲ್ಟನ್ ಅಂತಲೋ ಇರುತ್ತದೆ, ಕಟ್ಟಡ ಇನ್ಯಾರದ್ದೋ. ಹೆಸರಿಗೆ ಅವರಿಗೆ ಫೀಸು ಕಟ್ಟುತ್ತಾರೆ. ರಾಯಭಾರಿ ಆಗುವವರು ಸಾಮಾನ್ಯವಾಗಿ ಈ ಕಟ್ಟಡದ ಒಡೆಯರು. ಫ್ರಂಟ್ ಆಫೀಸ್‌ನಲ್ಲಿ ರಾತ್ರಿ ಪಾಳಿ ಮಾಡಿ, ಹೌಸ್‌ಕೀಪಿಂಗ್ ನೋಡಿ, ಬ್ಯಾಂಕ್ವೆಟ್ ದಾಟಿ ಜನರಲ್ ಮ್ಯಾನೇಜರ್ ಆದವರಿಗೆ ಈ ಫೋನ್ ಬರುವುದು ಅಪರೂಪ. ಇದನ್ನು ಕೇಳಿ ಅಕ್ಕನ ಮಗನ ಮುಖ ಸಪ್ಪೆಯಾಯಿತು.

ಆದರೆ ನಿಜ ಹೇಳಬೇಕೆಂದರೆ, ರಾತ್ರಿ ಪಾಳಿ ಮಾಡಿದವರೇ ಈ ಕೆಲಸಕ್ಕೆ ಹೆಚ್ಚು ಹೊಂದುತ್ತಾರೆ ಅಂತ ನನಗನ್ನಿಸುತ್ತದೆ. ರಾಯಭಾರಿಯ ಮನೆ ಅಂದರೆ ಸಣ್ಣ ಹೋಟೆಲ್ಲೇ. ಅಡುಗೆಯವರು, ಬಡಿಸುವವರು, ತೋಟದವರು, ಡ್ರೈವರ್, ಸೆಕ್ಯುರಿಟಿ ಎಲ್ಲಾ ಇರುತ್ತಾರೆ. ವಾರಕ್ಕೆ ಹಲವು ಊಟ. ಯಾರು ಹಂದಿ ಮುಟ್ಟುವುದಿಲ್ಲ, ಯಾರು ಈರುಳ್ಳಿ ತಿನ್ನುವುದಿಲ್ಲ, ಯಾರ ಪಕ್ಕ ಯಾರನ್ನು ಕೂರಿಸಬಾರದು, ಎಲ್ಲಾ ಮೊದಲೇ ಗೊತ್ತಿರಬೇಕು. ಬೀಗರೂಟದಲ್ಲಿ ಮೊದಲ ಪಂಕ್ತಿಗೆ ಯಾರು ಅನ್ನುವ ಜಗಳ ನೋಡಿದ್ದೀರಲ್ಲ, ಅದು ದೇಶಗಳ ನಡುವೆಯೂ ಇತ್ತು. ಹಿಂದೆ ಯುರೋಪಿನ ಆಸ್ಥಾನಗಳಲ್ಲಿ ಯಾವ ರಾಜನ ದೂತ ಮುಂದೆ ಕೂರಬೇಕು ಅಂತ ಹೊಡೆದಾಟವೇ ಆಗಿದೆ. ಈಗ ವಿಯೆನ್ನಾ ಒಪ್ಪಂದದ ಲೆಕ್ಕ ಸುಲಭ: ದೇಶ ದೊಡ್ಡದೋ ಚಿಕ್ಕದೋ ಲೆಕ್ಕಕ್ಕಿಲ್ಲ, ಯಾರು ಮೊದಲು ಬಂದು ಅಧಿಕಾರ ವಹಿಸಿಕೊಂಡರೋ ಅವರು ಮುಂದೆ. ಹಾಗಾಗಿ ಒಂದು ರಾಜಧಾನಿಯಲ್ಲಿ ತುಂಬಾ ವರ್ಷ ಇದ್ದ ಪುಟ್ಟ ದೇಶದ ರಾಯಭಾರಿ ಅಮೆರಿಕದವರಿಗಿಂತ ಮುಂದಿನ ಕುರ್ಚಿಯಲ್ಲಿ ಕೂರುತ್ತಾರೆ. ಬ್ಯಾಂಕ್ವೆಟ್ ಮ್ಯಾನೇಜರ್‌ಗೆ ಇದನ್ನು ಎರಡನೇ ಸಲ ಹೇಳಬೇಕಾಗಿಲ್ಲ.

ಅಂದ ಹಾಗೆ, 2025ರ ಜನವರಿಯಲ್ಲಿ ಬೆಂಗಳೂರಿನಲ್ಲಿ ಅಮೆರಿಕದ ಕಾನ್ಸುಲೇಟ್ ಉದ್ಘಾಟನೆ ಆಯಿತಲ್ಲ, ತಾತ್ಕಾಲಿಕವಾಗಿ ಅದಕ್ಕೆ ಜಾಗ ಸಿಕ್ಕಿದ್ದು ಜೆ ಡಬ್ಲ್ಯೂ ಮ್ಯಾರಿಯಟ್ ಹೋಟೆಲ್‌ನಲ್ಲಿ. ಎರಡು ಲೋಕ ಎಷ್ಟು ಹತ್ತಿರ ನೋಡಿ.

ಇನ್ನು ಹೋಟೆಲ್ ಕಲಿಸದೇ ಇರುವ ಅರ್ಧ. ನಮ್ಮ ಕೆಲಸದಲ್ಲಿ ಗೆಸ್ಟ್‌ಗೆ 'ಆಗಲ್ಲ' ಅನ್ನಬಾರದು. ರೂಮ್ ಇಷ್ಟ ಆಗಲಿಲ್ವಾ, ಬದಲಾಯಿಸಿಕೊಡೋಣ. ಬಿಲ್‌ನಲ್ಲಿ ತಕರಾರಾ, ಸ್ವಲ್ಪ ಕಡಿಮೆ ಮಾಡಿ, ಒಂದು ಕಾಫಿ ಕಾಂಪ್ಲಿಮೆಂಟರಿ ಕೊಟ್ಟು ಕಳಿಸೋಣ. ನಾನೇ ಧಣಿ, ಎರಡು ನಿಮಿಷದಲ್ಲಿ ತೀರ್ಮಾನ. ರಾಯಭಾರಿಗೆ ಈ ಅಧಿಕಾರವೇ ಇಲ್ಲ. ಅವರು ಆಡುವ ಮಾತು ಅವರದ್ದಲ್ಲ, ರಾಜಧಾನಿಯಿಂದ ಬರೆದು ಬಂದದ್ದು. ಎದುರಿನವರು ಏನು ಕೇಳಿದರೂ 'ತಿಳಿಸುತ್ತೇನೆ' ಅನ್ನಬೇಕು, ಹೋಗಿ ಆದದ್ದನ್ನೆಲ್ಲ ಬರೆದು ಕಳಿಸಬೇಕು. ಬರೆಯುವುದು ಅಂದರೆ ತುಂಬಾ ಬರೆಯುವುದು. ಯಾರ ಮುಖ ಯಾವಾಗ ಬದಲಾಯಿತು, ಯಾವ ಪ್ರಶ್ನೆಗೆ ಉತ್ತರ ತಪ್ಪಿಸಿದರು, ಎಲ್ಲಾ. ಆ ಕಾಗದವನ್ನು ಹತ್ತು ಜನ ಓದುತ್ತಾರೆ, ಹತ್ತು ವರ್ಷದ ನಂತರ ಇನ್ಯಾರೋ ತೆಗೆದು ನೋಡುತ್ತಾರೆ.

ನಮ್ಮಲ್ಲಿ ಈ ತಿಳಿವಳಿಕೆ ಹಳೆಯದು. ಮಹಾಭಾರತದಲ್ಲಿ ಕೃಷ್ಣ ಸಂಧಾನಕ್ಕೆ ಹಸ್ತಿನಾವತಿಗೆ ಹೋದಾಗ ದುರ್ಯೋಧನ ಭಾರೀ ಔತಣ ಇಟ್ಟಿದ್ದ. ಕೃಷ್ಣ ಮುಟ್ಟಲಿಲ್ಲ. ದೂತರು ಬಂದ ಕೆಲಸ ಆದ ಮೇಲೆ ಉಣ್ಣುತ್ತಾರೆ ಅಂತ ಹೇಳಿ ವಿದುರನ ಮನೆಗೆ ಹೋದ. ತಾಳಮದ್ದಳೆಯಲ್ಲಿ ಈ ಜಾಗಕ್ಕೆ ಬಂದರೆ ಅರ್ಥಧಾರಿಗಳು ಗಂಟೆಗಟ್ಟಲೆ ವಾದ ಬೆಳೆಸುತ್ತಾರೆ. ಊಟ ಹಾಕುವವನಿಗೆ ಊಟವೇ ಗುರಿ. ದೂತನಿಗೆ ಅದು ದಾರಿ ಮಾತ್ರ. ಹೊಯ್ಸಳರ ಶಾಸನಗಳಲ್ಲೂ ಸಂಧಿವಿಗ್ರಹಿ ಅನ್ನುವ ಹುದ್ದೆಯವರು ಬರುತ್ತಾರೆ, ಸಂಧಿ ಮತ್ತು ಯುದ್ಧದ ವ್ಯವಹಾರ ನೋಡುತ್ತಿದ್ದವರು. ಬೇಲೂರು, ಹಳೇಬೀಡು ನೋಡಲು ಬರುವ ನಮ್ಮ ಗೆಸ್ಟ್‌ಗಳಿಗೆ ನಾನು ಇದನ್ನು ಹೇಳುತ್ತಿರುತ್ತೇನೆ, ಶಿಲಾಬಾಲಿಕೆಯರ ಮುಂದೆ ಯಾರೂ ಅದನ್ನು ಕಿವಿಗೆ ಹಾಕಿಕೊಳ್ಳುವುದಿಲ್ಲ ಅನ್ನುವುದು ಬೇರೆ ಮಾತು.

ಧಣಿಯ ಅಭ್ಯಾಸ ರಾಯಭಾರಿಯ ಕುರ್ಚಿಗೆ ಬಂದರೆ ಏನಾಗುತ್ತದೆ ಅನ್ನುವುದಕ್ಕೆ ಗಾರ್ಡನ್ ಸಾಂಡ್‌ಲಂಡ್ ಅವರ ಕಥೆ ನೋಡಬೇಕು. ಸಿಯಾಟಲ್ ಕಡೆಯವರು. ಅಪ್ಪ ಅಮ್ಮ ನಾಜಿಗಳಿಂದ ತಪ್ಪಿಸಿಕೊಂಡು ಜರ್ಮನಿ ಬಿಟ್ಟು ಬಂದವರು, ಸಿಯಾಟಲ್‌ನಲ್ಲಿ ಡ್ರೈಕ್ಲೀನಿಂಗ್ ಅಂಗಡಿ ಇಟ್ಟಿದ್ದರು. ಮಗ ಕಾಲೇಜು ಅರ್ಧಕ್ಕೆ ಬಿಟ್ಟು ಕಟ್ಟಡದ ವ್ಯವಹಾರಕ್ಕಿಳಿದರು. 1985ರಲ್ಲಿ ದಿವಾಳಿಯಾಗಿದ್ದ ರೂಸ್‌ವೆಲ್ಟ್ ಅನ್ನುವ ಹೋಟೆಲ್ ಕೊಂಡು ಎಬ್ಬಿಸಿ ನಿಲ್ಲಿಸಿದರು. ಹಳೇ ಹೋಟೆಲ್ ಕೊಳ್ಳುವುದು, ಹೊಸದು ಮಾಡುವುದು, ಗೋಡೆಗೆ ಒಳ್ಳೊಳ್ಳೆ ಚಿತ್ರ ತೂಗುಹಾಕುವುದು. ಹೀಗೆ ಬೆಳೆದು ಪ್ರಾವೆನೆನ್ಸ್ ಹೋಟೆಲ್ಸ್ ಆಯಿತು. ಧಂದೆಯವರ ಕಣ್ಣಲ್ಲಿ ನೋಡಿದರೆ ಮೆಚ್ಚಬೇಕಾದ ಸಾಧನೆ.

2016ರ ಚುನಾವಣೆಯಲ್ಲಿ ಅವರು ಮೊದಲು ಬೆಂಬಲಿಸಿದ್ದು ಜೆಬ್ ಬುಷ್ ಅವರನ್ನು. ಟ್ರಂಪ್ ಅವರಿಂದ ಒಮ್ಮೆ ಬಹಿರಂಗವಾಗಿಯೇ ದೂರ ಸರಿದಿದ್ದರು. ಟ್ರಂಪ್ ಗೆದ್ದ ಮೇಲೆ ತಮ್ಮ 4 ಕಂಪನಿಗಳ ಮೂಲಕ ಅವರ ಪದಗ್ರಹಣ ಸಮಾರಂಭಕ್ಕೆ 10 ಲಕ್ಷ ಡಾಲರ್ ಕೊಟ್ಟರು. 2018ರಲ್ಲಿ ಬ್ರಸೆಲ್ಸ್‌ಗೆ ಹೋದರು, ಯುರೋಪಿಯನ್ ಒಕ್ಕೂಟಕ್ಕೆ ಅಮೆರಿಕದ ರಾಯಭಾರಿಯಾಗಿ. ಒಂದು ದೇಶಕ್ಕಲ್ಲ, ಆಗಿನ 28 ದೇಶಗಳ ಕೂಟಕ್ಕೆ. ಉಕ್ಕು, ಅಲ್ಯೂಮಿನಿಯಂ ಮೇಲಿನ ಸುಂಕದ ಜಗಳ ಜೋರಾಗಿದ್ದ ಸಮಯ. ಮಾಡಲು ಕೈತುಂಬಾ ಕೆಲಸ ಇತ್ತು.

ಆದರೆ ಅವರು ಉಕ್ರೇನ್ ವಿಷಯಕ್ಕೆ ಕೈ ಹಾಕಿದರು. ಉಕ್ರೇನ್ ಆ ಒಕ್ಕೂಟದಲ್ಲಿಲ್ಲ. ಅಲ್ಲಿ ಅಮೆರಿಕದ ಬೇರೆ ರಾಯಭಾರ ಕಚೇರಿ ಇದೆ, ಅಲ್ಲಿದ್ದ ಅನುಭವಿ ರಾಯಭಾರಿ ಮರೀ ಯೊವನೊವಿಚ್ ಅವರನ್ನು 2019ರ ಮೇನಲ್ಲಿ ವಾಪಸ್ ಕರೆಸಿಕೊಂಡಿದ್ದರು. ಆ ಜಾಗದಲ್ಲಿ ಸಾಂಡ್‌ಲಂಡ್ ಓಡಾಟ ಜಾಸ್ತಿಯಾಯಿತು. 2019ರ ಜುಲೈ 26ರಂದು ಉಕ್ರೇನ್ ರಾಜಧಾನಿ ಕೀವ್‌ನ ಒಂದು ರೆಸ್ಟೋರೆಂಟ್‌ನ ಹೊರಾಂಗಣದಲ್ಲಿ ಊಟಕ್ಕೆ ಕೂತರು. ಜೊತೆಗೆ ರಾಯಭಾರ ಕಚೇರಿಯ ಡೇವಿಡ್ ಹೋಮ್ಸ್ ಇದ್ದರು. ಸಾಂಡ್‌ಲಂಡ್ ತಮ್ಮ ಮೊಬೈಲ್ ತೆಗೆದು ನೇರ ಅಧ್ಯಕ್ಷರಿಗೇ ಫೋನ್ ಹಚ್ಚಿದರು. ಟ್ರಂಪ್ ಧ್ವನಿ ಎಷ್ಟು ಜೋರಾಗಿತ್ತೆಂದರೆ ಸಾಂಡ್‌ಲಂಡ್ ಫೋನನ್ನು ಕಿವಿಯಿಂದ ದೂರ ಹಿಡಿಯಬೇಕಾಯಿತು. ಟ್ರಂಪ್‌ಗೆ ಬೇಕಿದ್ದದ್ದು ತಮ್ಮ ಎದುರಾಳಿ ಬೈಡನ್ ಕುರಿತ ತನಿಖೆ. ಉಕ್ರೇನ್‌ನವರು ಆ ತನಿಖೆ ಮಾಡುತ್ತಾರಾ ಅಂತ ಅಧ್ಯಕ್ಷರು ಕೇಳಿದ್ದು ಪಕ್ಕದಲ್ಲಿದ್ದ ಹೋಮ್ಸ್ ಕಿವಿಗೆ ಬಿತ್ತು. ಅವರು ಅದನ್ನು ಪ್ರಮಾಣ ಮಾಡಿ ಹೇಳಿದರು.

ಈ ಒಂದು ಊಟದ ಮೇಜಿನಲ್ಲಿ ಎಲ್ಲಾ ಇದೆ. ಹೋಟೆಲ್ ಧಣಿಗೆ ಇದು ದಿನದ ಅಭ್ಯಾಸ: ತೊಡಕಾದರೆ ಮೇಲಿನವರಿಗೇ ಫೋನ್ ಮಾಡು, ಅಲ್ಲೇ ಬಗೆಹರಿಸು. ರಾಯಭಾರ ಕಚೇರಿಯವರ ಕಣ್ಣಿಗೆ ಅದೇ ಫೋನ್ ದೊಡ್ಡ ಅನಾಹುತ. ಪರದೇಶದ ಊರು, ಬಯಲಿನ ಮೇಜು, ಸಾಧಾರಣ ಮೊಬೈಲ್, ಯಾರು ಬೇಕಾದರೂ ಕದ್ದು ಕೇಳಬಹುದು. ಅದೇ ವರ್ಷದ ಸೆಪ್ಟೆಂಬರ್‌ನಲ್ಲಿ ಕೀವ್‌ನ ಅಮೆರಿಕ ರಾಯಭಾರ ಕಚೇರಿಯ ಹಿರಿಯ ಅಧಿಕಾರಿ ವಿಲಿಯಂ ಟೇಲರ್, ಚುನಾವಣೆಗೆ ಸಹಾಯ ಆಗಲೆಂದು ಉಕ್ರೇನ್‌ಗೆ ಕೊಡಬೇಕಾದ ಸೇನಾ ನೆರವು ತಡೆಹಿಡಿಯುವುದು ಹುಚ್ಚುತನ ಅಂತ ಮೆಸೇಜ್ ಹಾಕಿದರು. ಒಬ್ಬರು ಬರಹದಲ್ಲಿ ದಾಖಲೆ ಇಡುವ ಜಾತಿ. ಮೆಸೇಜ್ ಬೇಡ, ಫೋನ್ ಮಾಡಿ ಅನ್ನುವುದು ಇನ್ನೊಬ್ಬರ ಜಾಯಮಾನ. ಸಾಂಡ್‌ಲಂಡ್ ಅದನ್ನೇ ಅಂದರು.

2019ರ ನವೆಂಬರ್ 20ರಂದು ಸಂಸತ್ತಿನ ಮಹಾಭಿಯೋಗ ವಿಚಾರಣೆಯಲ್ಲಿ ಸಾಂಡ್‌ಲಂಡ್ ಸಾಕ್ಷಿ ಹೇಳಿದರು. ಉಕ್ರೇನ್ ಅಧ್ಯಕ್ಷರ ಶ್ವೇತಭವನದ ಭೇಟಿಗೂ ಆ ತನಿಖೆಗಳ ಘೋಷಣೆಗೂ ಕೊಡು-ಕೊಳ್ಳುವ ನಂಟು ಇತ್ತು, ತಾವು ಅಧ್ಯಕ್ಷರ ಆದೇಶ ಪಾಲಿಸಿದ್ದು, ಎಲ್ಲರಿಗೂ ಗೊತ್ತಿತ್ತು ಎಂದರು. ಹುದ್ದೆ ಕೊಟ್ಟವರ ವಿರುದ್ಧವೇ ಅಷ್ಟು ನೇರವಾಗಿ ಹೇಳಿದ್ದು ಧೈರ್ಯವೇ, ಅದನ್ನು ಒಪ್ಪಬೇಕು. 2020ರ ಫೆಬ್ರವರಿ 5ರಂದು ಸೆನೆಟ್ ಟ್ರಂಪ್ ಅವರನ್ನು ಖುಲಾಸೆ ಮಾಡಿತು. 7ರಂದು ಸಾಂಡ್‌ಲಂಡ್ ಕೆಲಸ ಹೋಯಿತು. ವಕೀಲರ ಫೀಸು ಸರ್ಕಾರ ಕೊಡಬೇಕೆಂದು 2021ರಲ್ಲಿ ಕೋರ್ಟಿಗೂ ಹೋದರು. ಕೇಳಿದ್ದು ಸುಮಾರು 18 ಲಕ್ಷ ಡಾಲರ್. ಪದಗ್ರಹಣಕ್ಕೆ ಕೊಟ್ಟ ದೇಣಿಗೆಗಿಂತ ಫೀಸೇ ಜಾಸ್ತಿ ಆಯಿತು ಅಂತ ಲೆಕ್ಕ.

ಹಾಗಂತ ಹೊರಗಿನಿಂದ ಬಂದವರೆಲ್ಲ ಹೀಗೇ ಅಂತಲ್ಲ. ನಾರ್ವೆ ವಿಷಯದಲ್ಲಿ ನಗೆಪಾಟಲಾದ ತ್ಸುನಿಸ್ ಅವರನ್ನೇ ಬೈಡನ್ 2021ರಲ್ಲಿ ಗ್ರೀಸ್‌ಗೆ ಹೆಸರಿಸಿದರು. ಅವರು ಗ್ರೀಸ್‌ನಿಂದ ವಲಸೆ ಬಂದವರ ಮಗ, ಗ್ರೀಕ್ ಬರುತ್ತದೆ, ಅಲ್ಲಿಯ ಚರ್ಚು, ಊರು, ರಾಜಕೀಯ ಎಲ್ಲಾ ಮನೆಯ ಮಾತು. 2022ರಲ್ಲಿ ಸೆನೆಟ್ ಒಪ್ಪಿತು, 2025ರ ಜನವರಿವರೆಗೆ ಅಥೆನ್ಸ್‌ನಲ್ಲಿದ್ದರು. ಗ್ರೀಸ್ ಅಮೆರಿಕದಿಂದ 20 ಎಫ್-35 ಯುದ್ಧವಿಮಾನ ಕೊಳ್ಳುವ ಒಪ್ಪಂದ ಮಾಡಿಕೊಂಡದ್ದು ಆ ಅವಧಿಯಲ್ಲೇ, 2024ರಲ್ಲಿ. ಅದೆಲ್ಲ ಅವರೊಬ್ಬರಿಂದ ಆದದ್ದಲ್ಲ, ಇಂಥವು ವರ್ಷಗಟ್ಟಲೆ ಕುದಿಯುತ್ತವೆ. ಆದರೂ ಮೊದಲ ಸಲ ಆ ದೇಶದ ಬಗ್ಗೆ ಏನೂ ಗೊತ್ತಿರಲಿಲ್ಲ, ಎರಡನೇ ಸಲ ಗೊತ್ತಿತ್ತು. ಮನುಷ್ಯ ಅವರೇ, ಹೋಟೆಲ್ ಅನುಭವವೂ ಅದೇ. 2025ರಲ್ಲಿ ಟ್ರಂಪ್ ಇಟಲಿಗೆ ಕಳಿಸಿದ ಟಿಲ್ಮನ್ ಫರ್ಟಿಟಾ ಕೂಡ ಹೋಟೆಲ್, ಕ್ಯಾಸಿನೊ, ರೆಸ್ಟೋರೆಂಟ್‌ಗಳ ಒಡೆಯ. ಅವರ ಕುಟುಂಬದ ಮೂಲ ಸಿಸಿಲಿ.

ಇದು ನಮಗ್ಯಾಕೆ ಅಂತ ಪಕ್ಕದ ಎಸ್ಟೇಟಿನ ಗೌಡರು ಕೇಳಿದರು. ಅವರಿಗೆ ಕೊಟ್ಟ ಉತ್ತರ ಕಾಫಿ. ಭಾರತದ ಕಾಫಿಯಲ್ಲಿ ನೂರಕ್ಕೆ ಸುಮಾರು 70 ಪಾಲು ಕರ್ನಾಟಕದ್ದು, ಬಹುತೇಕ ಚಿಕ್ಕಮಗಳೂರು, ಕೊಡಗು, ಹಾಸನದ ತೋಟಗಳದ್ದು. ಅತಿ ದೊಡ್ಡ ಗಿರಾಕಿ ಇಟಲಿ, ಜರ್ಮನಿ ಬೆಲ್ಜಿಯಂ ಕೂಡ ಇವೆ. ಯುರೋಪಿಯನ್ ಒಕ್ಕೂಟ 2023ರಲ್ಲಿ ಒಂದು ಕಾನೂನು ತಂದಿತು: 2020ರ ಡಿಸೆಂಬರ್ 31ರ ನಂತರ ಕಾಡು ಕಡಿದ ಜಾಗದಲ್ಲಿ ಬೆಳೆದ ಕಾಫಿ, ಕೋಕೋ, ರಬ್ಬರ್ ಅಲ್ಲಿಗೆ ಬರುವಂತಿಲ್ಲ. ತೋಟ ಎಲ್ಲಿದೆ ಅಂತ ಅಕ್ಷಾಂಶ ರೇಖಾಂಶದ ಸಮೇತ ತೋರಿಸಬೇಕು. ಜಾರಿ ಎರಡು ಸಲ ಮುಂದೆ ಹೋಗಿದೆ. ಮೂಡಿಗೆರೆಯಲ್ಲಿ ಸಿಲ್ವರ್ ಮರಗಳ ನೆರಳಿನಲ್ಲಿ ಎರಡು ಎಕರೆ ರೊಬಸ್ಟ ಇಟ್ಟುಕೊಂಡವರ ಕಷ್ಟವನ್ನು ಬ್ರಸೆಲ್ಸ್‌ನಲ್ಲಿ ಹೇಳುವವರು ಯಾರು? ಬೆಲ್ಜಿಯಂನಲ್ಲಿರುವ ಭಾರತದ ರಾಯಭಾರಿ. ಅವರೇ ಒಕ್ಕೂಟಕ್ಕೂ ನಮ್ಮ ರಾಯಭಾರಿ. ಆ ಕುರ್ಚಿಯಲ್ಲಿ ಕೂತವರಿಗೆ ನೆರಳಿನ ಕಾಫಿ ಅಂದರೇನು ಅಂತ ಅರ್ಥ ಮಾಡಿಸಲು ಬರಬೇಕು. "ಓ ಹಾಗಾ, ಅಂದ್ರೆ ಅವ್ರು ನಮ್ ಪರ್ವಾಗಿ ಮಾತಾಡೋರು" ಅಂದರು ಗೌಡರು.

ನಮ್ಮಲ್ಲಿ ರಾಯಭಾರಿಗಳು ಬಹುಪಾಲು ಐಎಫ್‌ಎಸ್‌ನವರು, ಅಂದರೆ ಭಾರತೀಯ ವಿದೇಶಾಂಗ ಸೇವೆಯವರು. ಸಂಸತ್ತಿನ ಒಪ್ಪಿಗೆ ಬೇಕಿಲ್ಲ, ಸರ್ಕಾರವೇ ನೇಮಿಸುತ್ತದೆ. ಹೊರಗಿನವರೂ ಆಗಿದ್ದಾರೆ. ಮೈಸೂರು ವಿಶ್ವವಿದ್ಯಾಲಯದಲ್ಲಿ ತತ್ವಶಾಸ್ತ್ರ ಹೇಳಿದ್ದ ರಾಧಾಕೃಷ್ಣನ್ 1949ರಿಂದ 1952ರವರೆಗೆ ಮಾಸ್ಕೋದಲ್ಲಿದ್ದರು. ಕೊಡಗಿನ ಕಾರ್ಯಪ್ಪ ಸೇನೆಯಿಂದ ನಿವೃತ್ತಿಯಾಗಿ 1953ರಲ್ಲಿ ಆಸ್ಟ್ರೇಲಿಯ, ನ್ಯೂಜಿಲೆಂಡ್‌ಗೆ ಹೈಕಮಿಷನರ್ ಆಗಿ ಹೋದರು. ಕಾಮನ್‌ವೆಲ್ತ್ ದೇಶಗಳ ನಡುವೆ ರಾಯಭಾರಿಗೆ ಹೈಕಮಿಷನರ್ ಅನ್ನುತ್ತಾರೆ, ಕೆಲಸ ಒಂದೇ. ವಕೀಲ ನಾನಿ ಪಾಲ್ಖಿವಾಲಾ 1977ರಲ್ಲಿ ವಾಷಿಂಗ್ಟನ್‌ಗೆ ಹೋದರು. ಇವರಲ್ಲಿ ಯಾರನ್ನೂ ಚುನಾವಣೆಗೆ ಚೆಕ್ ಕೂಡಿಸಿಕೊಟ್ಟರೆಂದು ಕಳಿಸಿದ್ದಲ್ಲ.

ಹೋಟೆಲ್ ಬಿಡದೆಯೇ ರಾಜತಾಂತ್ರಿಕ ಕೆಲಸ ಮಾಡುವ ದಾರಿ ಒಂದಿದೆ, ಗೌರವ ಕಾನ್ಸಲ್. ಯಾವುದೋ ದೇಶಕ್ಕೆ ಒಂದು ಊರಿನಲ್ಲಿ ಪೂರ್ತಿ ಕಚೇರಿ ಇಡುವಷ್ಟು ಕೆಲಸ ಇರುವುದಿಲ್ಲ. ಆಗ ಅಲ್ಲಿಯ ಒಬ್ಬ ಉದ್ಯಮಿಯನ್ನೇ ನೇಮಿಸುತ್ತದೆ, ಭಾರತ ಸರ್ಕಾರ ಒಪ್ಪಬೇಕು. ಬೆಂಗಳೂರಿನಲ್ಲಿ ಇಂಥವರು ಹಲವರಿದ್ದಾರೆ. ಸಾಮಾನ್ಯವಾಗಿ ಸಂಬಳ ಇಲ್ಲ, ತಮ್ಮ ವ್ಯಾಪಾರ ಮಾಡಿಕೊಂಡೇ ಇರುತ್ತಾರೆ. ರಕ್ಷಣೆ ಸಿಗುವುದು ಆ ಕೆಲಸದ ಮಟ್ಟಿಗೆ ಮಾತ್ರ, ಟ್ರಾಫಿಕ್ ದಂಡ ತಪ್ಪುವುದಿಲ್ಲ.

ಪೂರ್ಣಾವಧಿಯ ದಾರಿ ಬೇಕಾದರೆ ಯುಪಿಎಸ್‌ಸಿ. ಅಕ್ಕನ ಮಗನಿಗೆ ಇದು ಗೊತ್ತೇ ಇರಲಿಲ್ಲ: ಯಾವುದೇ ಮಾನ್ಯ ವಿಶ್ವವಿದ್ಯಾಲಯದ ಪದವಿ ಸಾಕು, ಹೋಟೆಲ್ ಮ್ಯಾನೇಜ್‌ಮೆಂಟ್ ಪದವಿಯೂ ನಡೆಯುತ್ತದೆ. ಆದರೆ ಡಿಪ್ಲೊಮಾ ಆದರೆ ಆಗುವುದಿಲ್ಲ, ಅವನು ಯಾವುದಕ್ಕೆ ಸೇರಿದ್ದಾನೆ ಅಂತ ಮೊದಲು ಕಾಲೇಜಿನಲ್ಲಿ ಕೇಳಿಕೊಂಡು ಬರಲಿ. 21 ವರ್ಷ ತುಂಬಿರಬೇಕು. ಮುಖ್ಯ ಪರೀಕ್ಷೆಯನ್ನು ಕನ್ನಡದಲ್ಲೇ ಬರೆಯಬಹುದು, ಐಚ್ಛಿಕ ವಿಷಯವಾಗಿ ಕನ್ನಡ ಸಾಹಿತ್ಯ ತೆಗೆದುಕೊಳ್ಳಬಹುದು. ಪಾಸಾದರೆ ಮಸ್ಸೂರಿ, ಆಮೇಲೆ ದಿಲ್ಲಿಯಲ್ಲಿ ತರಬೇತಿ, ನಂತರ ಒಂದು ವಿದೇಶಿ ಭಾಷೆ ಕಲಿಯಲು ಆ ಭಾಷೆಯ ದೇಶಕ್ಕೇ ಕಳಿಸುತ್ತಾರೆ. ಅಲ್ಲಿ ಥರ್ಡ್ ಸೆಕ್ರೆಟರಿಯಿಂದ ಶುರು. ರಾಯಭಾರಿಯ ಕುರ್ಚಿ ಸಾಮಾನ್ಯವಾಗಿ ಎಷ್ಟೋ ವರ್ಷಗಳ ಆಚೆ. ಐಎಫ್‌ಎಸ್ ಸೀಟು ವರ್ಷಕ್ಕೆ ಕೆಲವೇ ಕೆಲವು. ಹಾಗಾಗಿ ಸೇವೆಗಳ ಆದ್ಯತೆ ಪಟ್ಟಿ ತುಂಬುವಾಗ ಅದನ್ನು ಮೇಲೇ ಬರೆಯಬೇಕು, ಐಎಎಸ್ ಮೊದಲು ಬರೆದು ಆ ರ‍್ಯಾಂಕ್ ಸಿಕ್ಕರೆ ಐಎಎಸ್ಸೇ ಕೈಗೆ ಬರುತ್ತದೆ.